ಒಬ್ಬ ಡಿಫೆಂಡರ್, 11 ಕ್ಲಬ್: ಅವನು ಬೇಡವಾದವನೋ, ಬೇಕಾದವನೋ?

ಪ್ರಶ್ನೆ: ಆಸ್ಟ್ರೇಲಿಯಾದ ಫುಟ್‌ಬಾಲ್ ಡಿಫೆಂಡರ್ ಲ್ಯೂಕಾಸ್ ನೀಲ್ ಅವರ ದಾಖಲೆ ನೋಡುತ್ತಿದ್ದೆ. ಮಿಲ್ವಾಲ್‌ನಿಂದ ಶುರುವಾಗಿ ಡಾಂಕಾಸ್ಟರ್‌ವರೆಗೆ 11 ಕ್ಲಬ್. ಚೆನ್ನಾಗಿ ಆಡುವವರಾಗಿದ್ದರೆ ಯಾವುದಾದರೂ ಒಂದು ಕ್ಲಬ್ ಉಳಿಸಿಕೊಳ್ಳುತ್ತಿತ್ತು ಅಲ್ವಾ? ಚೆನ್ನಾಗಿ ಆಡದವರಾಗಿದ್ದರೆ ಹನ್ನೊಂದನೆಯ ಕ್ಲಬ್ ಯಾಕೆ ಕರೆಯಿತು? ಹೀಗೆ ಊರೂರು ಸುತ್ತುವ ಡಿಫೆಂಡರ್‌ಗಳ ಬದುಕು ನಡೆಯುವುದಾದರೂ ಹೇಗೆ?

ಉತ್ತರ: ಕ್ಲಬ್‌ಗಳನ್ನು ಸುಮ್ನೆ ಎಣಿಸುವುದು ಬಿಟ್ಟು, ಪಕ್ಕದಲ್ಲಿರುವ ವರ್ಷಗಳನ್ನು ನೋಡಿ. ನೀಲ್ 1995ರಲ್ಲಿ ಮಿಲ್ವಾಲ್‌ಗೆ ಬಂದರು. 2001ರಲ್ಲಿ ಬ್ಲ್ಯಾಕ್‌ಬರ್ನ್‌ಗೆ ಹೋದರು. 2007ರ ಜನವರಿವರೆಗೂ ಅಲ್ಲೇ ಇದ್ದರು. ಅಂದರೆ ಮೊದಲ ಹನ್ನೊಂದು ಚಿಲ್ಲರೆ ವರ್ಷಕ್ಕೆ ಎರಡೇ ಕ್ಲಬ್. ಉಳಿದ ಒಂಬತ್ತೂ ಅದಾದ ಮೇಲಿನ ಏಳು ವರ್ಷಗಳಲ್ಲಿ ಬಂದವು: ವೆಸ್ಟ್ ಹ್ಯಾಮ್, ಎವರ್ಟನ್, ಟರ್ಕಿಯ ಗಲಾಟಸರಾಯ್, ಯುಎಇಯ ಅಲ್ ಜಝೀರಾ ಮತ್ತು ಅಲ್ ವಸ್ಲ್, ಸಿಡ್ನಿ ಎಫ್‌ಸಿ, ಜಪಾನಿನ ಒಮಿಯಾ ಅರ್ದಿಜಾ, ವಾಟ್‌ಫರ್ಡ್, ಕೊನೆಗೆ ಲೋನ್ ಮೇಲೆ (ಒಂದು ಕ್ಲಬ್‌ನ ಒಪ್ಪಂದದಲ್ಲಿದ್ದುಕೊಂಡೇ ಸ್ವಲ್ಪ ಕಾಲ ಇನ್ನೊಂದಕ್ಕೆ ಆಡಲು) ಡಾಂಕಾಸ್ಟರ್. ಈ ಓಡಾಟದ ನಡುವೆಯೇ ಅವರು 2010ರ ವಿಶ್ವಕಪ್‌ನಲ್ಲಿ ಆಸ್ಟ್ರೇಲಿಯಾದ ನಾಯಕರಾಗಿದ್ದರು. 2011ರ ಏಷ್ಯನ್ ಕಪ್ ಫೈನಲ್‌ಗೂ ಅವರೇ ನಾಯಕ. ದೇಶದ ತಂಡ ನಾಯಕನಾಗಿ ಇಟ್ಟುಕೊಂಡವರನ್ನು ಯಾರಿಗೂ ಬೇಡವಾದವರು ಅನ್ನಲು ಬರುವುದಿಲ್ಲ.

ಇನ್ನೊಂದು ವಿಷಯ. 2006ರ ವಿಶ್ವಕಪ್ ಪ್ರೀಕ್ವಾರ್ಟರ್ ಫೈನಲ್ ನಿಮಗೆ ನೆನಪಿರಬಹುದು. ಇಟಲಿ 10 ಜನರ ಜೊತೆ ಆಡುತ್ತಿತ್ತು, ಸ್ಕೋರು 0-0, ಆಟ ಹೆಚ್ಚುವರಿ ಸಮಯದ ಕಡೆ ಹೊರಟಿತ್ತು. ಕೊನೆಗಳಿಗೆಯಲ್ಲಿ ಫಾಬಿಯೊ ಗ್ರೊಸ್ಸೊ ನುಗ್ಗಿ ಬಂದಾಗ ನೀಲ್ ಜಾರಿ ಬಿದ್ದು ಅಡ್ಡ ಬಂದರು, ಗ್ರೊಸ್ಸೊ ನೀಲ್ ಮೇಲೆ ಬಿದ್ದರು. ಪೆನಾಲ್ಟಿ. ಟೊಟ್ಟಿ ಗೋಲು ಹೊಡೆದರು, ಆಸ್ಟ್ರೇಲಿಯಾ ಮನೆಗೆ ಹೋಯಿತು. ಸ್ಟ್ರೈಕರ್ ಕೈಚೆಲ್ಲಿದ ಗೋಲನ್ನು ಮುಂದಿನ ವಾರ ಯಾರೂ ನೆನೆಯುವುದಿಲ್ಲ. ಡಿಫೆಂಡರ್‌ನ ತಪ್ಪು ಮಾತ್ರ ಇಪ್ಪತ್ತು ವರ್ಷ ಟಿವಿಯಲ್ಲಿ ಓಡುತ್ತದೆ. ಆದರೆ ಆಟಗಾರರನ್ನು ಕೊಳ್ಳುವವರು ಟಿವಿ ನೋಡಿ ಕೊಳ್ಳುವುದಿಲ್ಲ. ಅದಾಗಿ ಏಳೇ ತಿಂಗಳಲ್ಲಿ ವೆಸ್ಟ್ ಹ್ಯಾಮ್ ನೀಲ್ ಅವರನ್ನು ಕರೆದುಕೊಂಡಿತು.

ಈಗ ಅಲೆದಾಟದ ಕಾರಣಕ್ಕೆ ಬರೋಣ. ಎಲ್ಲಕ್ಕಿಂತ ಮೊದಲು, ಕಾಂಟ್ರಾಕ್ಟ್‌ಗಳೇ ಚಿಕ್ಕವು. ಜಾಗತಿಕ ಫುಟ್‌ಬಾಲ್ ಸಂಸ್ಥೆ ಫಿಫಾದ ನಿಯಮದಂತೆ ಒಪ್ಪಂದ ಸಾಮಾನ್ಯವಾಗಿ ಹೆಚ್ಚೆಂದರೆ ಐದು ವರ್ಷ. 18 ತುಂಬದವರಿಗೆ ಮೂರೇ ವರ್ಷ. ಆದರೆ ಐದು ವರ್ಷದ ಕಾಗದ ಸಿಗುವುದು ತಾರೆಗಳಿಗೆ. ಆಟಗಾರರ ಅಂತಾರಾಷ್ಟ್ರೀಯ ಸಂಘಟನೆ ಫಿಫ್‌ಪ್ರೊ 2016ರಲ್ಲಿ 54 ದೇಶಗಳ ಸುಮಾರು 14,000 ವೃತ್ತಿಪರರನ್ನು ಕೇಳಿ ವರದಿ ಮಾಡಿತು. ಸರಾಸರಿ ಒಪ್ಪಂದ 22.6 ತಿಂಗಳು. ಎರಡು ವರ್ಷವೂ ಇಲ್ಲ! ಹದಿನೈದು ವರ್ಷ ಆಡಿದವನು ಈ ಲೆಕ್ಕದಲ್ಲಿ ಎಂಟು ಸಲ ಕಾಗದಕ್ಕೆ ಸಹಿ ಹಾಕಬೇಕು. ಅದರಲ್ಲಿ ಅರ್ಧದಷ್ಟು ಸಲ ಹೊಸ ಕ್ಲಬ್ ಅಂದುಕೊಂಡರೂ, ನಾಲ್ಕೈದು ಊರು ತಾನಾಗಿಯೇ ಆಯಿತು. ಹಾಗಾಗಿ ಒಂದೇ ಕ್ಲಬ್‌ನಲ್ಲಿ ಇಡೀ ಬದುಕು ಕಳೆದವರನ್ನು ಮಾಮೂಲಿ ಎಂದುಕೊಂಡು ಉಳಿದವರನ್ನು ಅಳೆಯಬೇಡಿ. ವಿಚಿತ್ರ ಅನ್ನಿಸಬೇಕಾದದ್ದು ಆ ಒಂದೇ ಕ್ಲಬ್‌ನವರು.

ಒಪ್ಪಂದ ಮುಗಿದ ಮೇಲೆ ಆಟಗಾರ ಸ್ವತಂತ್ರ ಅನ್ನುವುದೂ ಯುರೋಪಿನಲ್ಲಿ ಗಟ್ಟಿಯಾದದ್ದು ಈಚೆಗೆ. ಬೆಲ್ಜಿಯಂನ ಜಾನ್-ಮಾರ್ಕ್ ಬೋಸ್ಮನ್ ಅವರ ಒಪ್ಪಂದ 1990ರಲ್ಲಿ ಮುಗಿದಿತ್ತು. ಅವರ ಕ್ಲಬ್ ಲಿಯೇಜ್ ಸಂಬಳ ಇಳಿಸಿ ಹೊಸ ಒಪ್ಪಂದ ಮುಂದಿಟ್ಟಿತು. ಫ್ರಾನ್ಸಿನ ಡಂಕರ್ಕ್‌ಗೆ ಹೋಗುತ್ತೇನೆ ಅಂದರೆ, ಹಣ ಕೊಟ್ಟರೆ ಮಾತ್ರ ಬಿಡುತ್ತೇವೆ ಅಂದಿತು. ಕೇಸು ಐದು ವರ್ಷ ನಡೆಯಿತು. 1995ರ ಡಿಸೆಂಬರ್ 15ರಂದು ಯುರೋಪಿನ ನ್ಯಾಯಾಲಯ ಬೋಸ್ಮನ್ ಪರ ತೀರ್ಪು ಕೊಟ್ಟಿತು. ಇದರ ಫಲ ಉಂಡವರು ದೊಡ್ಡ ತಾರೆಗಳು ಎಂದು ಎಲ್ಲರೂ ಬರೆಯುತ್ತಾರೆ. ನನ್ನ ಪ್ರಕಾರ ಜಾಸ್ತಿ ಬದಲಾದದ್ದು 30 ದಾಟಿದ ಸಾಧಾರಣ ಡಿಫೆಂಡರ್‌ನ ಬದುಕು. ಅವನಿಗೆ ಟ್ರಾನ್ಸ್‌ಫರ್ ಫೀ ಕೊಡಲು ಯಾರೂ ಮುಂದೆ ಬರುವುದಿಲ್ಲ. ಫ್ರೀ ಎಂದರೆ ಸಂಬಳ ಕೊಟ್ಟು ಕರೆದುಕೊಳ್ಳಲು ಹತ್ತು ಕ್ಲಬ್ ತಯಾರಿರುತ್ತವೆ. ಜೊತೆಗೆ ಫಿಫಾ ನಿಯಮ ಒಪ್ಪಂದದ ಕೊನೆಯ ಆರು ತಿಂಗಳಲ್ಲಿ ಬೇರೆ ಕ್ಲಬ್ ಜೊತೆ ಕಾಗದ ಮಾಡಿಕೊಳ್ಳಲು ಬಿಡುತ್ತದೆ.

ಹಾಗಾದರೆ ಇರುವ ಕ್ಲಬ್ ಯಾಕೆ ಬಿಟ್ಟುಕೊಡುತ್ತದೆ? ಎಷ್ಟೋ ಸಲ ಆಟಕ್ಕೂ ಅದಕ್ಕೂ ಸಂಬಂಧವೇ ಇರುವುದಿಲ್ಲ. ಮ್ಯಾನೇಜರ್ ಬದಲಾಗುತ್ತಾನೆ, ಅವನ ಜೊತೆ ಫಾರ್ಮೇಷನ್, ಅಂದರೆ ಆಟಗಾರರನ್ನು ನಿಲ್ಲಿಸುವ ಕ್ರಮ, ಬದಲಾಗುತ್ತದೆ. 2016ರ ಸೆಪ್ಟೆಂಬರ್‌ನಲ್ಲಿ ಚೆಲ್ಸಿ ತಂಡ ಆರ್ಸೆನಲ್ ಎದುರು 0-3ರಿಂದ ಸೋತಿತು. ಮ್ಯಾನೇಜರ್ ಆಂಟೊನಿಯೊ ಕಾಂಟೆ ಹಿಂದೆ ನಾಲ್ವರ ಬದಲು ಮೂವರನ್ನು ನಿಲ್ಲಿಸಿದರು. ವರ್ಷಗಟ್ಟಲೆ ಬಲಬದಿ ಕಾಯ್ದಿದ್ದ ಬ್ರಾನಿಸ್ಲಾವ್ ಇವಾನೊವಿಚ್‌ಗೆ ಜಾಗ ಹೋಯಿತು. ನಾಲ್ಕೈದು ತಿಂಗಳಲ್ಲಿ ಅವರು ರಷ್ಯಾದ ಝೆನಿತ್ ಸೇರಿದ್ದರು. ಅದೇ ಬದಲಾವಣೆ, ಲಿವರ್‌ಪೂಲ್, ಸ್ಟೋಕ್, ವೆಸ್ಟ್ ಹ್ಯಾಮ್ ಅಂತ ಲೋನ್ ಮೇಲೆ ಸುತ್ತಿ ಬಂದಿದ್ದ ವಿಂಗರ್ (ಅಂಚಿನಿಂದ ದಾಳಿ ಮಾಡುವವರು) ವಿಕ್ಟರ್ ಮೋಸೆಸ್‌ರನ್ನು ಅಂಚಿನಲ್ಲಿ ದಾಳಿ, ರಕ್ಷಣೆ ಎರಡೂ ಮಾಡುವ ವಿಂಗ್ ಬ್ಯಾಕ್ ಮಾಡಿ ಲೀಗ್ ಚಾಂಪಿಯನ್ ಮಾಡಿತು. ಒಂದು ಸಂಜೆಯ ಸೋಲು ಇಬ್ಬರ ಹಣೆಬರಹ ಬದಲಿಸಿತು. ಇಬ್ಬರಲ್ಲಿ ಯಾರೂ ಹಿಂದಿನ ವಾರಕ್ಕಿಂತ ಒಳ್ಳೆಯ ಅಥವಾ ಕೆಟ್ಟ ಆಟಗಾರ ಆಗಿರಲಿಲ್ಲ.

ನಿಮ್ಮ ಎರಡನೆಯ ಪ್ರಶ್ನೆ ನನಗೆ ಹೆಚ್ಚು ಇಷ್ಟ: ಹನ್ನೊಂದನೆಯ ಕ್ಲಬ್ ಯಾಕೆ ಕರೆಯಿತು? ಇದರ ಉತ್ತರ ಇರುವುದು ಡಿಫೆಂಡರ್ ಕೆಲಸದೊಳಗೆ.

ಸ್ಟ್ರೈಕರ್ ಹೊಸ ತಂಡಕ್ಕೆ ಬಂದ ದಿನವೇ ಗೋಲು ಹೊಡೆಯಬಹುದು. ಅವನಿಗೆ ಒಂದು ಪಾಸು, ಒಂದು ಗಳಿಗೆ ಸಾಕು. ಡಿಫೆಂಡರ್‌ಗೆ ಆ ಭಾಗ್ಯ ಇಲ್ಲ. ಅವನ ಕೆಲಸದಲ್ಲಿ ಅರ್ಧಕ್ಕಿಂತ ಜಾಸ್ತಿ ಪಾಲು ಪಕ್ಕದವನನ್ನು ಅರಿಯುವುದು. ಆಫ್‌ಸೈಡ್ ಗೆರೆಯನ್ನೇ ನೋಡಿ: ಪಾಸು ಹೊರಡುವಾಗ ಎದುರಾಳಿ ಇದನ್ನು ದಾಟಿ ನಿಂತಿದ್ದರೆ ಅವನು ಆಡುವಂತಿಲ್ಲ. ನಾಲ್ವರೂ ಒಟ್ಟಿಗೆ ಮುಂದೆ ಬರಬೇಕು. ಮೂವರು ಬಂದು ಒಬ್ಬ ಒಂದು ಹೆಜ್ಜೆ ಹಿಂದೆ ಉಳಿದರೆ ಎದುರಾಳಿ ಸ್ಟ್ರೈಕರ್ ಆನ್‌ಸೈಡ್, ಮುಂದೆ ಗೋಲ್‌ಕೀಪರ್ ಒಬ್ಬನೇ. ಹೊಸದಾಗಿ ನೊಗಕ್ಕೆ ಹೂಡಿದ ಜೋಡೆತ್ತಿನ ಹಾಗೆ, ಒಂದು ಎಳೆಯುವಾಗ ಇನ್ನೊಂದು ನಿಂತರೆ ಕೆಲಸ ಕೆಟ್ಟಿತು.

ಇಂಥ ಹೊಂದಾಣಿಕೆಗೆ ತಿಂಗಳುಗಳು ಬೇಕು. ಊರೂರು ಸುತ್ತುವವನಿಗೆ ಅಷ್ಟು ಸಮಯ ಇರುವುದಿಲ್ಲ. ಜನವರಿ ಕೊನೆಯ ದಿನ ಸಹಿ ಹಾಕಿದರೆ ಶನಿವಾರ ಆಡಬೇಕು. ಆ ಮೂರು ನಾಲ್ಕು ದಿನದಲ್ಲಿ ಅವನು ತಿಳಿದುಕೊಳ್ಳಬೇಕಾದ್ದು ಒಂದೆರಡಲ್ಲ. ಕೀಪರ್ ಕ್ರಾಸ್‌ಗೆ (ಅಂಚಿನಿಂದ ಗೋಲಿನ ಮುಂದಕ್ಕೆ ಬರುವ ಚೆಂಡಿಗೆ) ಮುಂದೆ ಬರುತ್ತಾನೋ, ಗೆರೆ ಬಿಡುವುದಿಲ್ಲವೋ? ಪಕ್ಕದ ಸೆಂಟರ್ ಬ್ಯಾಕ್ (ಹಿಂದಿನ ನಡುಜಾಗ ಕಾಯುವವನು) ಎತ್ತರದ ಚೆಂಡಿಗೆ ನುಗ್ಗುವವನೋ, ಹಿಂದೆ ನಿಂತು ಕಾಯುವವನೋ? ಒಬ್ಬ ನುಗ್ಗಿದರೆ ಇನ್ನೊಬ್ಬ ಹಿಂದೆ ಕವರ್‌ಗೆ ಇರಲೇಬೇಕು. ಇಬ್ಬರೂ ನುಗ್ಗುವವರಾದರೆ ದೇವರೇ ಗತಿ. ಅಂಚು ಕಾಯುವ ಫುಲ್ ಬ್ಯಾಕ್ ಚೆಂಡಿನ ಜೊತೆ ಮುಂದೆ ಓಡಿಹೋದಾಗ ಅವನ ಜಾಗಕ್ಕೆ ಸರಿಯುವವರು ಯಾರು, ಮಿಡ್‌ಫೀಲ್ಡರೋ ನಾನೋ? ಕಾರ್ನರ್‌ನಲ್ಲಿ ಜಾಗ ಕಾಯಬೇಕೋ, ಆಳು ಕಾಯಬೇಕೋ? ಗೆರೆ ಮೇಲೆತ್ತುವ ಕೂಗು ಯಾರದು? ಈ ಕೊನೆಯ ಪ್ರಶ್ನೆ ಸಣ್ಣದು ಅನ್ನಿಸುತ್ತದೆ. ಎರಡು ದನಿ ಕೇಳಿಸಿದರೆ ಗೆರೆ ಮುರಿಯುತ್ತದೆ.

ಅನುಭವಸ್ಥ ಅಲೆಮಾರಿ ಡಿಫೆಂಡರ್ ಕಲಿತಿರುವ ವಿದ್ಯೆ ಇದೇ. ಅವನು ಎಲ್ಲರಿಗಿಂತ ವೇಗದವನಲ್ಲ, ಚೆಂಡಿನ ಜೊತೆ ಎಲ್ಲರಿಗಿಂತ ನಾಜೂಕಿನವನೂ ಅಲ್ಲ. ಆದರೆ ಗುರುತಿಲ್ಲದ ಮೂವರ ನಡುವೆ ನಿಂತು ನಾಲ್ಕು ದಿನದಲ್ಲಿ ಗೆರೆ ಕಟ್ಟುತ್ತಾನೆ. ಗೆಳೆತನ ಆಮೇಲೆ, ಮೊದಲು ಕೂಗು. ಮೈದಾನದಲ್ಲಿ ಬೇಕಾದ ಭಾಷೆಯೂ ಅಷ್ಟೇ ಚಿಕ್ಕದು: ಮೇಲೆ ಬಾ, ಬಿಡು, ನಂದು, ಹಿಂದೆ ಆಳಿದ್ದಾನೆ. ಟರ್ಕಿಯಲ್ಲೋ ಜಪಾನಿನಲ್ಲೋ ಇಷ್ಟು ಕಲಿತರೆ ಮೊದಲ ಪಂದ್ಯ ಆಡಬಹುದು. ಕಳೆದ ಸಲ ಬೇರೆ ಕ್ಲಬ್‌ಗೆ ಆಡಿದ್ದಾಗ ಇದೇ ಸ್ಟ್ರೈಕರ್ ಯಾವ ಭುಜದ ಮೇಲಿಂದ ತಿರುಗುತ್ತಾನೆ ಎಂದು ನೋಡಿಟ್ಟುಕೊಂಡಿರುತ್ತಾನೆ. ಅದು ಉಪರಿ ಲಾಭ.

ಕ್ಲಬ್ ಕಡೆಯಿಂದ ಯೋಚಿಸಿ. ಫೆಬ್ರವರಿ ತಿಂಗಳು, ಲೀಗ್‌ನಿಂದ ಕೆಳಗೆ ಬೀಳುವ ಭಯ, ಮುಖ್ಯ ಸೆಂಟರ್ ಬ್ಯಾಕ್‌ನ ಮಂಡಿಯ ಲಿಗಮೆಂಟ್ ಹರಿದಿದೆ. ಇನ್ನು ಆ ಸೀಸನ್‌ನಲ್ಲಿ ಅವನಿಲ್ಲ. ಆಗ 20ರ ಹುಡುಗನನ್ನು ತಂದು ಅವನು ಮುಂದೆ ದೊಡ್ಡವನಾಗಬಹುದು ಎಂದು ಕಾಯಲು ಆಗುವುದಿಲ್ಲ. ಬೇಕಾದ್ದು ಹನ್ನೆರಡು ಪಂದ್ಯಕ್ಕೆ ತಪ್ಪು ಕಡಿಮೆ ಮಾಡುವವನು. ನೂರಾರು ಪಂದ್ಯ ಆಡಿದ ಡಿಫೆಂಡರ್ ಏನು ಮಾಡಬಲ್ಲ, ಏನು ಮಾಡಲಾರ ಅನ್ನುವುದು ಎಲ್ಲರಿಗೂ ಗೊತ್ತು. ಆ ಗೊತ್ತಿರುವಿಕೆಗೇ ಸಂಬಳ. ಇನ್ನು ಎಡಗಾಲಿನ ಸೆಂಟರ್ ಬ್ಯಾಕ್ ಆದರಂತೂ ಕೆಲಸಕ್ಕೆ ಬರವೇ ಇಲ್ಲ, ಅವರ ಸಂಖ್ಯೆಯೇ ಕಡಿಮೆ.

ಇಂಗ್ಲೆಂಡಿನ ಅತಿ ಮೇಲಿನ ಹಂತವಾದ ಪ್ರೀಮಿಯರ್ ಲೀಗ್‌ನಲ್ಲಿ ಇನ್ನೊಂದು ಕಾರಣವೂ ಸೇರುತ್ತದೆ. ಅಲ್ಲಿ 25 ಜನರ ಪಟ್ಟಿಯಲ್ಲಿ ಅಲ್ಲೇ ಬೆಳೆದವರಲ್ಲದ ಆಟಗಾರರು 17ಕ್ಕಿಂತ ಹೆಚ್ಚು ಇರುವಂತಿಲ್ಲ. 21 ತುಂಬುವ ಮೊದಲು ಮೂರು ಸೀಸನ್ ಇಂಗ್ಲೆಂಡ್ ಅಥವಾ ವೇಲ್ಸ್ ಕ್ಲಬ್‌ನಲ್ಲಿ ಇದ್ದವರು ಅಲ್ಲೇ ಬೆಳೆದವರು ಅಂತ ಲೆಕ್ಕ. 25 ಜನರನ್ನೂ ತುಂಬಬೇಕೆಂದರೆ ಇಂಥ ಎಂಟು ಜನ ಬೇಕು. ಸೀಸನ್‌ನಲ್ಲಿ ಐದಾರು ಪಂದ್ಯ ಆಡುವ ಮೂರನೆಯ, ನಾಲ್ಕನೆಯ ಸೆಂಟರ್ ಬ್ಯಾಕ್ ಜಾಗಕ್ಕೆ ಹಳೆಯ ಇಂಗ್ಲಿಷ್ ಡಿಫೆಂಡರ್ ಸರಿಹೋಗುತ್ತಾನೆ.

ಲೋನ್ ವಿಷಯ ಬೇರೆಯೇ ಹೇಳಬೇಕು. ಯಾಕೆಂದರೆ ಕ್ಲಬ್‌ಗಳ ಸಂಖ್ಯೆ ಸುಳ್ಳು ಹೇಳುವುದು ಇಲ್ಲೇ ಜಾಸ್ತಿ. ಚಿಕ್ಕ ವಯಸ್ಸಿನ ಲೋನ್ ಅಂದರೆ ಪಾಠಶಾಲೆ. ಡ್ಯಾನಿ ಸಿಂಪ್ಸನ್ ಮ್ಯಾಂಚೆಸ್ಟರ್ ಯುನೈಟೆಡ್‌ನ ಹುಡುಗ. ಬೆಲ್ಜಿಯಂನ ರಾಯಲ್ ಆಂಟ್ವರ್ಪ್, ಆಮೇಲೆ ಸಂಡರ್ಲ್ಯಾಂಡ್, ಇಪ್ಸ್‌ವಿಚ್, ಬ್ಲ್ಯಾಕ್‌ಬರ್ನ್, ನ್ಯೂಕ್ಯಾಸಲ್ ಎಲ್ಲ ಕಡೆ ಲೋನ್ ಮೇಲೆ ಕಳಿಸಿದರು. ನ್ಯೂಕ್ಯಾಸಲ್ ಕೊನೆಗೆ ಉಳಿಸಿಕೊಂಡಿತು. ಅಲ್ಲಿಂದ ಕ್ವೀನ್ಸ್ ಪಾರ್ಕ್ ರೇಂಜರ್ಸ್, ಅಲ್ಲಿಂದ ಲೆಸ್ಟರ್. 2016ರಲ್ಲಿ ಲೆಸ್ಟರ್ ಲೀಗ್ ಗೆದ್ದಾಗ ರೈಟ್ ಬ್ಯಾಕ್ ಇವರೇ. 26ರ ವಯಸ್ಸಿನಲ್ಲಿ ಇವರ ಪಟ್ಟಿ ನೋಡಿದ್ದರೆ ನೀವೂ ನಾನೂ ಮುಂದಿನ ಚಾಂಪಿಯನ್ ಅಂತ ಗುರುತಿಸುತ್ತಿರಲಿಲ್ಲ.

ಡ್ಯಾನ್ ಬರ್ನ್ ಕಥೆ ಇನ್ನೂ ಚೆನ್ನಾಗಿದೆ. ನ್ಯೂಕ್ಯಾಸಲ್ ಅವರನ್ನು 11ನೇ ವಯಸ್ಸಿಗೇ ಬಿಟ್ಟುಬಿಟ್ಟಿತ್ತು. ಡಾರ್ಲಿಂಗ್ಟನ್‌ನಲ್ಲಿ ಶುರು. 2011ರಲ್ಲಿ ಫುಲಮ್. ಅಲ್ಲಿಂದ ಯೋವಿಲ್‌ಗೆ, ಬರ್ಮಿಂಗ್‌ಹ್ಯಾಮ್‌ಗೆ ಲೋನ್. 2016ರಲ್ಲಿ ವಿಗನ್, ಅಂದರೆ ಮೂರನೆಯ ಹಂತದಿಂದ ಆಗಷ್ಟೇ ಮೇಲೆ ಬಂದಿದ್ದ ಕ್ಲಬ್. ಮರುವರ್ಷ ಅದು ಮತ್ತೆ ಕೆಳಗೆ ಬಿತ್ತು, ಬರ್ನ್ ಉಳಿದರು, ಮುಂದಿನ ಸೀಸನ್‌ನಲ್ಲಿ ಆ ಮೂರನೆಯ ಹಂತ, ಲೀಗ್ ಒನ್, ಗೆದ್ದು ಮೇಲೆ ಬಂದರು. 2018ರಲ್ಲಿ ಬ್ರೈಟನ್ ಕೊಂಡುಕೊಂಡು ಅರ್ಧ ಸೀಸನ್ ವಿಗನ್‌ಗೇ ಲೋನ್ ಕೊಟ್ಟಿತು. 2022ರ ಜನವರಿಯಲ್ಲಿ ನ್ಯೂಕ್ಯಾಸಲ್. 2025ರ ಮಾರ್ಚ್ 16ರಂದು ಲೀಗ್ ಕಪ್ ಫೈನಲ್‌ನಲ್ಲಿ ಲಿವರ್‌ಪೂಲ್ ವಿರುದ್ಧ ಮೊದಲ ಗೋಲನ್ನು ತಲೆಯಿಂದ ಹೊಡೆದವರು ಬರ್ನ್. ನ್ಯೂಕ್ಯಾಸಲ್ 2-1ರಿಂದ ಗೆದ್ದಿತು, 1955ರ ಎಫ್‌ಎ ಕಪ್ ನಂತರ ಅವರಿಗೆ ಸಿಕ್ಕ ಮೊದಲ ದೊಡ್ಡ ದೇಶೀಯ ಕಪ್. ಅದೇ ವಾರ 32ನೇ ವಯಸ್ಸಿನಲ್ಲಿ ಬರ್ನ್ ಇಂಗ್ಲೆಂಡ್ ಪರ ಮೊದಲ ಪಂದ್ಯ ಆಡಿದರು.

ಆದರೆ ಎಲ್ಲ ಲೋನ್ ಹೀಗಲ್ಲ. 19ರ ಹುಡುಗನ ಲೋನ್ ಕಲಿಕೆಯಾದರೆ, 29ರವನದು ಬಹುತೇಕ ಸಂಬಳದ ಹೊರೆ ಇಳಿಸುವ ಉಪಾಯ. ದೊಡ್ಡ ಕ್ಲಬ್‌ಗಳು ಡಜನ್‌ಗಟ್ಟಲೆ ಆಟಗಾರರನ್ನು ಕೊಂಡು ಹೊರಗೆ ಕಳಿಸುತ್ತಿದ್ದವು. ಫಿಫಾ 2022ರಿಂದ ಇದಕ್ಕೆ ಕಡಿವಾಣ ಹಾಕಿತು. ಬೇರೆ ದೇಶದ ಕ್ಲಬ್‌ಗಳಿಗೆ ಲೋನ್ ಕೊಡುವ ಮಿತಿ ಮೊದಲು ಎಂಟು, ಆಮೇಲೆ ಏಳು, 2024ರಿಂದ ಆರು. 21ರವರೆಗಿನವರಿಗೂ ಕ್ಲಬ್ ತಾನೇ ಬೆಳೆಸಿದವರಿಗೂ ವಿನಾಯಿತಿ ಇದೆ. ಒಂದು ಲೋನ್ ಒಂದು ವರ್ಷ ಮೀರುವಂತಿಲ್ಲ. ಹಾಗೆಯೇ ಒಬ್ಬ ಆಟಗಾರ ಒಂದು ಸೀಸನ್‌ನಲ್ಲಿ ಮೂರು ಕ್ಲಬ್‌ಗೆ ಹೆಸರು ನೋಂದಾಯಿಸಬಹುದು, ಆಡುವುದು ಮಾತ್ರ ಎರಡಕ್ಕೇ. ಬಹಳ ಜನಕ್ಕೆ ಗೊತ್ತಿಲ್ಲದ ನಿಯಮ ಇದು. ಮೂರನೆಯ ಕ್ಲಬ್‌ನಲ್ಲಿ ಸುಮ್ನೆ ಪ್ರಾಕ್ಟೀಸ್ ಮಾಡಿಕೊಂಡು ಕೂತವರು ಉಂಟು.

ಹಾಗಾಗಿ ದಾಖಲೆ ಓದುವಾಗ ಮೊದಲು ಲೋನ್ ಬೇರೆ ಮಾಡಿ. ಆಮೇಲೆ ಪ್ರತಿ ಕ್ಲಬ್‌ನಲ್ಲಿ ಎರಡನೆಯ ಸೀಸನ್ ಹೇಗಿತ್ತು ನೋಡಿ. ಮೊದಲ ಸೀಸನ್ 35 ಪಂದ್ಯ, ಎರಡನೆಯದು 8 ಎಂದಿದ್ದರೆ ಗಾಯವೋ, ಹೊಸ ಮ್ಯಾನೇಜರೋ ಹುಡುಕಿ. ಹಳೆಯ ಮ್ಯಾನೇಜರ್ ಹೊಸ ಕ್ಲಬ್‌ಗೆ ಹೋದಾಗ ಇವನನ್ನೂ ಕರೆದುಕೊಂಡು ಹೋದನೋ ನೋಡಿ. ನನ್ನ ಕಣ್ಣಿಗೆ ಇದಕ್ಕಿಂತ ದೊಡ್ಡ ಸರ್ಟಿಫಿಕೇಟ್ ಇಲ್ಲ.

ಬದುಕು ನಡೆಯುವುದು ಹೇಗೆ ಅಂದಿರಿ. ಮೇಲಿನ ಹಂತಗಳಲ್ಲಿ ಚೆನ್ನಾಗಿಯೇ ನಡೆಯುತ್ತದೆ. ಕೆಳಗೆ ಹೋದಂತೆ ಕಥೆ ಬೇರೆ. ಅದೇ ಫಿಫ್‌ಪ್ರೊ ವರದಿಯಲ್ಲಿ 41% ಆಟಗಾರರು ಹಿಂದಿನ ಎರಡು ವರ್ಷಗಳಲ್ಲಿ ಸಂಬಳ ತಡವಾಗಿ ಬಂದಿದೆ ಎಂದಿದ್ದರು. ಸುಮಾರು 45% ಜನರ ತಿಂಗಳ ಸಂಬಳ 1,000 ಡಾಲರ್‌ಗಿಂತ ಕಡಿಮೆ. ಈಗ ಫಿಫಾ ನಿಯಮದಲ್ಲಿ ಒಂದು ದಾರಿ ಇದೆ: ಎರಡು ತಿಂಗಳ ಸಂಬಳ ಬಾಕಿಯಾದರೆ ಆಟಗಾರ ಕ್ಲಬ್‌ಗೆ ನೋಟಿಸ್ ಕೊಟ್ಟು 15 ದಿನ ಕಾಯಬೇಕು, ಆಗಲೂ ಹಣ ಬರದಿದ್ದರೆ ಒಪ್ಪಂದ ಮುರಿದು ಹೋಗಬಹುದು. 2018ರಲ್ಲಿ ಬಂದ ನಿಯಮ. ಹೋದರೆ ದಾಖಲೆಯಲ್ಲಿ ಇನ್ನೊಂದು ಕ್ಲಬ್ ಸೇರುತ್ತದೆ. ನೋಡುವವರಿಗೆ ಅದು ಅಲೆಮಾರಿತನ, ಅವನಿಗೆ ಮನೆ ಬಾಡಿಗೆ.

ಕ್ಲಬ್ಬೇ ಮುಳುಗುವುದೂ ಇದೆ. ಇಂಗ್ಲೆಂಡಿನ ಬ್ಯೂರಿ 2019ರ ಬೇಸಿಗೆಗೆ ಮುಂಚೆ ನಾಲ್ಕನೆಯ ಹಂತದಿಂದ ಮೂರನೆಯದಕ್ಕೆ ಬಡ್ತಿ ಪಡೆದಿತ್ತು. ಆಗಸ್ಟ್ 27ರಂದು ಹಣಕಾಸಿನ ಕಾರಣಕ್ಕೆ ಲೀಗ್‌ನಿಂದಲೇ ಹೊರಹಾಕಿದರು. ಬಡ್ತಿ ಪಡೆದ ತಂಡದ ಆಟಗಾರರು ನಾಲ್ಕು ತಿಂಗಳಲ್ಲಿ ಕೆಲಸ ಹುಡುಕುತ್ತಿದ್ದರು.

ಒಪ್ಪಂದದ ಸಣ್ಣ ಅಕ್ಷರಗಳಲ್ಲಿ ಇನ್ನೂ ಆಟ ಇದೆ. ಇಂತಿಷ್ಟು ಪಂದ್ಯ ಆಡಿದರೆ ಒಪ್ಪಂದ ತಾನಾಗಿ ಒಂದು ವರ್ಷ ಮುಂದುವರಿಯುತ್ತದೆ ಅನ್ನುವ ಷರತ್ತು ಹಳೆಯ ಆಟಗಾರರ ಕಾಗದದಲ್ಲಿ ಮಾಮೂಲಿ. ಆ ಅಂಕಿ ಹತ್ತಿರ ಬಂದಾಗ ಚೆನ್ನಾಗಿ ಆಡುತ್ತಿದ್ದವನು ಇದ್ದಕ್ಕಿದ್ದಂತೆ ಬೆಂಚಿಗೆ ಹೋದರೆ ಕಾರಣ ಊಹಿಸಿಕೊಳ್ಳಿ. ತಂಡ ಕೆಳಗಿನ ಹಂತಕ್ಕೆ ಬಿದ್ದರೆ ಸಂಬಳ ಕಡಿತ ಅನ್ನುವ ಷರತ್ತೂ ಇರುತ್ತದೆ. ಇಂಗ್ಲೆಂಡಿನಲ್ಲಿ ಒಪ್ಪಂದಗಳು ಸಾಮಾನ್ಯವಾಗಿ ಜೂನ್ 30ಕ್ಕೆ ಮುಗಿಯುತ್ತವೆ. ಜುಲೈ 1ರಂದು ಕೆಲಸ ಇಲ್ಲದ ಡಿಫೆಂಡರ್ ಒಬ್ಬನೇ ಓಡುತ್ತಾ ಮೈ ಕಾಯ್ದುಕೊಳ್ಳುತ್ತಾನೆ, ಯಾವುದಾದರೂ ಕ್ಲಬ್‌ನಲ್ಲಿ ಟ್ರಯಲ್‌ಗೆ ನಿಲ್ಲುತ್ತಾನೆ. ಸಹಿ ಮುಂಚಿನ ಮೆಡಿಕಲ್‌ನಲ್ಲಿ ಹಳೆಯ ಮಂಡಿ ನೋವು ಹೊರಬಿದ್ದರೆ ಅಲ್ಲಿಗೆ ಮಾತುಕತೆ ಮುಗಿಯಿತು. ಮಕ್ಕಳ ಶಾಲೆ ಎಲ್ಲಿ ಅನ್ನುವುದು ಆಗಸ್ಟ್‌ವರೆಗೂ ಗೊತ್ತಾಗದ ಮನೆಗಳು ಎಷ್ಟೋ.

ವಯಸ್ಸಿನ ವಿಷಯದಲ್ಲಿ ಮಾತ್ರ ಡಿಫೆಂಡರ್ ಅದೃಷ್ಟವಂತ. ವೇಗ ಕುಂದಿದ ವಿಂಗರ್‌ಗೆ ಹೋಗಲು ಜಾಗ ಇಲ್ಲ. ವೇಗ ಕುಂದಿದ ಫುಲ್ ಬ್ಯಾಕ್ ಒಳಗೆ ಸರಿದು ಸೆಂಟರ್ ಬ್ಯಾಕ್ ಆಗಬಹುದು, ಕಾಲಿನ ಬದಲು ಕಣ್ಣು ಕೆಲಸ ಮಾಡುತ್ತದೆ. ಅಲ್ಲೂ ಕಷ್ಟವಾದರೆ ಒಂದು ಹಂತ ಕೆಳಗಿನ ಲೀಗ್. ನೀಲ್ ಅವರ ಕೊನೆಯ ವರ್ಷಗಳ ಓಡಾಟ ಇದೇ ಇಳಿಜಾರು. ಅವರಿಗೆ 2014ರ ವಿಶ್ವಕಪ್ ತಂಡದಲ್ಲಿ ಜಾಗ ಸಿಗಲಿಲ್ಲ. ದೇಶದ ಪರ 96 ಪಂದ್ಯಗಳಿಗೆ ನಿಂತರು.

ಎಲ್ಲರ ದಾರಿಯೂ ಇಳಿಜಾರೇ ಎಂದುಕೊಳ್ಳಬೇಡಿ. ಗ್ರಹಾಂ ಅಲೆಕ್ಸಾಂಡರ್ ರೈಟ್ ಬ್ಯಾಕ್. ಸ್ಕಂಥಾರ್ಪ್, ಲೂಟನ್, ಪ್ರೆಸ್ಟನ್ ಎಂದು ಕೆಳಗಿನ ಹಂತಗಳಲ್ಲೇ ವರ್ಷಗಟ್ಟಲೆ ಆಡಿದವರು. 30ರ ವಯಸ್ಸಿನಲ್ಲಿ ಸ್ಕಾಟ್ಲೆಂಡ್ ತಂಡಕ್ಕೆ ಬಂದರು. ಬರ್ನ್ಲಿ ಪರ ಪ್ರೀಮಿಯರ್ ಲೀಗ್‌ನಲ್ಲಿ ಮೊದಲ ಪಂದ್ಯ ಆಡಿದಾಗ ಅವರಿಗೆ 37. ಮತ್ತೆ ಪ್ರೆಸ್ಟನ್‌ಗೆ ಹೋಗಿ ಆಟ ನಿಲ್ಲಿಸುವ ಹೊತ್ತಿಗೆ ಅವರ ವೃತ್ತಿಪರ ಪಂದ್ಯಗಳು 1,000 ದಾಟಿದ್ದವು. ಗೋಲ್‌ಕೀಪರ್ ಅಲ್ಲದವರಲ್ಲಿ ಇಂಗ್ಲೆಂಡಿನಲ್ಲಿ ಅಷ್ಟು ಆಡಿದವರು ತೀರಾ ವಿರಳ. ಆಮೇಲೆ ಅವರು ಮ್ಯಾನೇಜರ್ ಆದರು: ಫ್ಲೀಟ್‌ವುಡ್, ಸ್ಕಂಥಾರ್ಪ್, ಸಾಲ್ಫರ್ಡ್, ಮದರ್‌ವೆಲ್, ಎಂಕೆ ಡಾನ್ಸ್, ಬ್ರಾಡ್‌ಫರ್ಡ್. 2025ರಲ್ಲಿ ಬ್ರಾಡ್‌ಫರ್ಡ್‌ಅನ್ನು ಮೂರನೆಯ ಹಂತಕ್ಕೆ ಏರಿಸಿದರು. ಇಪ್ಪತ್ತೊಂದು ವರ್ಷ ಆಡುವಾಗ ಬದಲಿಸಿದ್ದು ನಾಲ್ಕು ಕ್ಲಬ್, ಮ್ಯಾನೇಜರ್ ಆದ ಮೇಲೆ ಆರು.